ಕನವರಿಕೆಗೆ ಓಗೊಡುವವರು

ಮೊಮ್ಮಗಳು ಚೈತ್ರ ಮಾರತ್ತಹಳ್ಳಿಯ ಪಿಜಿ ಬಿಟ್ಟು ಲಗ್ಗೆರೆಯ ನಮ್ಮ ಮನೆಗೆ ಬಂದ ದಿನ, ಅವಳ ಚೀಲದಿಂದ ಒಂದು ಸಣ್ಣ ಪೊಟ್ಟಣ ಜಾರಿ ನೆಲಕ್ಕೆ ಬಿತ್ತು. ಒಳಗೆ ಬೆರಳಗಲದ ಅಂಟುಪಟ್ಟಿಗಳಿದ್ದವು. ಗಾಯಕ್ಕೆ ಹಚ್ಚುವ ಪಟ್ಟಿಯಿರಬೇಕೆಂದು ನಾನು ಅದನ್ನು ಅಡುಗೆಮನೆಯ ಗೂಡಿನಲ್ಲಿ, ಸುಟ್ಟಗಾಯದ ಮುಲಾಮಿನ ಪಕ್ಕದಲ್ಲಿ ಜೋಪಾನವಾಗಿ ಇಟ್ಟೆ. ಸ್ವಲ್ಪ ಹೊತ್ತಿಗೆ ಅವಳು ಹುಡುಕಾಡತೊಡಗಿದಳು.

"ಅಜ್ಜಿ, ನನ್ ಟೇಪ್ ನೋಡಿದ್ಯಾ?"

"ಎಲ್ಲವ್ವ ಗಾಯ?"

"ಗಾಯ ಇಲ್ಲ. ಅದು ಬಾಯಿಗೆ ಹಾಕ್ಕೊಳೋದು. ಮಲಗುವಾಗ."

ಕಣದಲ್ಲಿ ತುಳಿಯುವ ಎತ್ತಿನ ಬಾಯಿಗೆ ಕುಕ್ಕೆ ಕಟ್ಟುವುದನ್ನು ಕಂಡವಳು ನಾನು. ಹುಲ್ಲು ತಿಂದೀತು ಎಂದು ಎತ್ತಿಗೆ ಕಟ್ಟುತ್ತಾರೆ, ಸರಿ. ಕೆಲಸ ಮಾಡಿ ದಣಿದು ಮಲಗುವ ಹೆಣ್ಣುಮಗಳ ಬಾಯಿಗೇಕೆ? ಕೇಳಿದಾಗ ಅವಳು ಮುಖ ತಿರುಗಿಸಿ ಹೇಳಿದಳು: "ನಾನು ನಿದ್ದೇಲಿ ಮಾತಾಡ್ತೀನಂತೆ."

"ಅಷ್ಟೇನಾ! ಕನವರಿಕೆ ಕಣೆ ಅದು."

"ಏನು ಅದು?"

"ಕನವರಿಕೆ."

ಆ ಪದ ನನ್ನ ಬಾಯಿಂದ ಹೊರಬಿದ್ದಾಗ ನನಗೇ ಅಚ್ಚರಿಯಾಯಿತು; ಅಟ್ಟದ ಮೇಲೆ ಮರೆತುಹೋಗಿದ್ದ ಹಿತ್ತಾಳೆಯ ಚೊಂಬು ತಾನಾಗಿ ಉರುಳಿ ಬಂದು ಕಾಲ ಬಳಿ ನಿಂತಂತೆ. ನೀವೇ ನೆನಪಿಸಿಕೊಳ್ಳಿ, ಈ ಪದವನ್ನು ಕೊನೆಯ ಸಲ ಎಲ್ಲಿ ಕಂಡಿರಿ? ಪತ್ರಿಕೆಯಲ್ಲಿ ಕಂಡಿರುತ್ತೀರಿ. ಕುರ್ಚಿ ತಪ್ಪಿದ ರಾಜಕಾರಣಿಗೆ ಅಧಿಕಾರದ ಕನವರಿಕೆ ಎಂದು ಬರೆಯುತ್ತಾರೆ. ಅವರೆಲ್ಲ ಚೆನ್ನಾಗಿ ಎಚ್ಚರವಾಗಿದ್ದೇ ಮಾತಾಡುವವರು. ಮಲಗಿದವರ ಬಾಯಲ್ಲಿ ಇರಬೇಕಾದ ಪದವನ್ನು ಕಿತ್ತು ಎಚ್ಚರವಿದ್ದವರಿಗೆ ಕೊಟ್ಟಿದ್ದಾರೆ. ಮಲಗಿದವರಿಗೆ ಉಳಿದದ್ದು ಟೇಪು.

ನನ್ನ ಬಳಿ ಒಂದು ನಿಘಂಟು ಇದೆ. ರಟ್ಟು ಹೋಗಿದೆ, ಮೊದಲ ಹಾಳೆಗಳೂ ಹೋಗಿವೆ. ಬರೆದ ಪಂಡಿತರು ಯಾರೆಂದು ತಿಳಿಯದು. ತಿಳಿಯದಿರುವುದೇ ಒಳ್ಳೆಯದು, ಜಗಳವಾಡುವಾಗ ಸಂಕೋಚವಿರುವುದಿಲ್ಲ. ನಮ್ಮ ಮುಖ್ಯರಸ್ತೆಯ ಗುಜರಿ ಅಂಗಡಿಯಲ್ಲಿ ತುಕ್ಕು ಹಿಡಿದ ಫ್ಯಾನುಗಳ ನಡುವೆ ಸಿಕ್ಕ ಈ ಪುಸ್ತಕವೇ ನನ್ನ ಹೈಸ್ಕೂಲು ಮತ್ತು ಕಾಲೇಜು. ಐದನೆಯ ತರಗತಿಗೆ ನಿಂತುಹೋದ ಓದನ್ನು, ಅನ್ನ ಬೇಯುವ ಹೊತ್ತಿನಲ್ಲಿ ಒಂದೊಂದು ಪುಟದಂತೆ ಮುಂದುವರಿಸಿದೆ. ಹೀಗಾಗಿ ಬರೆಯಲು ಕುಳಿತರೆ ನನ್ನ ಹಕಾರಗಳು ಮದುವೆಗೆ ಹೊರಟ ಮುತ್ತೈದೆಯರಂತೆ ಒಡವೆ ತೊಟ್ಟು ಬರುತ್ತವೆ. ಬಾಯಿ ತೆರೆದರೆ ಮಾತ್ರ ಲಗ್ಗೆರೆಯ ಹಳೆಯ ಜನರ ಇಂಗೆ, ಅಂಗೆಗಳೇ ಹೊರಡುತ್ತವೆ. ಚೈತ್ರ ಇದನ್ನು ಡಬಲ್ ಸಿಮ್ ಎನ್ನುತ್ತಾಳೆ.

ಆ ನಿಘಂಟು ಕನವರಿಕೆಗೆ ಎರಡು ಅರ್ಥ ಕೊಡುತ್ತದೆ. ಮೊದಲನೆಯದು, ನಿದ್ದೆಯಲ್ಲಿ ಅರ್ಥವಿಲ್ಲದೆ ಬಡಬಡಿಸುವುದು. ಎರಡನೆಯದು, ಹಂಬಲಿಸುವುದು. ಎರಡನೆಯ ಅರ್ಥಕ್ಕೆ ನನ್ನ ತಕರಾರಿಲ್ಲ. ಮೊದಲನೆಯದರಲ್ಲಿ 'ಅರ್ಥವಿಲ್ಲದೆ' ಎಂಬುದನ್ನು ಪಂಡಿತರು ಎಲ್ಲಿಂದ ತಂದರು? ಕನವರಿಸುವವನ ಪಕ್ಕದಲ್ಲಿ ಕುಳಿತು ಕೇಳಿದ್ದರೇ? ಅವರಿಗೂ ಆ ಹೊತ್ತಿನಲ್ಲಿ ನಿದ್ದೆ ಬಂದಿರಬೇಕು.

ನಾನು ಕುಳಿತು ಕೇಳಿದ್ದೇನೆ.

ಪೀಣ್ಯದಲ್ಲಿ ಕಾರ್ಖಾನೆಗಳು ಒಂದರ ಬೆನ್ನಿಗೆ ಒಂದು ಏಳುತ್ತಿದ್ದ ಕಾಲದಲ್ಲಿ ನಮ್ಮ ಮಾವನವರು ರಾಗಿ ಹೊಲದ ಒಂದು ಪಟ್ಟೆಯಲ್ಲಿ ಸಾಲುಮನೆ ಕಟ್ಟಿಸಿ ಬಾಡಿಗೆಗೆ ಕೊಟ್ಟರು. ಎದುರುಬದುರು ಬಾಗಿಲುಗಳು, ನಡುವೆ ಓಣಿ, ಓಣಿಯ ತುದಿಯಲ್ಲಿ ಒಂದು ನಲ್ಲಿ. ಬಾಡಿಗೆಗೆ ಬಂದವರೆಲ್ಲ ಪಾಳಿಯ ಕೆಲಸದವರು. ನಮ್ಮ ಮನೆಯವರೂ ಹೊಲ ಬಿಟ್ಟು ಕಬ್ಬಿಣ ಕಡೆಯುವ ಲೇತ್ ಯಂತ್ರದ ಮುಂದೆ ನಿಂತರು. ರಾತ್ರಿ ಪಾಳಿ ಮುಗಿಸಿ ಬಂದ ಗಂಡಸರು ಮುದ್ದೆ ಉಂಡು ಮಲಗಿದರೆಂದರೆ ಇಡೀ ವಠಾರಕ್ಕೆ ನಡುಹಗಲೇ ನಡುರಾತ್ರಿ. ಮಕ್ಕಳು ಓಣಿಯಲ್ಲಿ ಸದ್ದಿಲ್ಲದೆ ಆಡುವ ಆಟಗಳನ್ನು ಕಂಡುಹಿಡಿದಿದ್ದರು. ಗೋಲಿಯನ್ನು ಮಣ್ಣಿನ ಮೇಲೆ ಉಸಿರು ಹಿಡಿದು ಉರುಳಿಸುತ್ತಿದ್ದರು. ಪಾತ್ರೆ ತೊಳೆಯುವವರು ಪಾತ್ರೆಯ ಕೆಳಗೆ ಗೋಣಿತಟ್ಟು ಹಾಸುತ್ತಿದ್ದರು. ಆದರೆ ಆಚೆ ತಗಡು ಒತ್ತುವ ಪ್ರೆಸ್ ಶಾಪಿನ ದಡ್, ದಡ್ ಎಂಬ ಬಡಿತಕ್ಕೆ ಯಾರಿಗೂ ಎಚ್ಚರವಾಗುತ್ತಿರಲಿಲ್ಲ. ಕರೆಂಟು ಹೋಗಿ ಆ ಸದ್ದು ನಿಂತಾಗಲೇ ಎಲ್ಲರೂ ದಡಬಡಿಸಿ ಎದ್ದು ಕೂರುತ್ತಿದ್ದರು.

ಆ ಹಗಲುಗಳನ್ನು ನೆನೆದರೆ ನನಗೀಗಲೂ ಕಣ್ಣು ಎಳೆಯುತ್ತದೆ. ಸೂರಿನ ಶೀಟಿನ ತೂತುಗಳಿಂದ ಬಿಸಿಲ ಕೋಲುಗಳು ಇಳಿದು ಮಲಗಿದವರ ಎದೆಯ ಮೇಲೆ, ಕೆನ್ನೆಯ ಮೇಲೆ, ಹೊತ್ತಿನೊಂದಿಗೆ ನಿಧಾನವಾಗಿ ಸರಿಯುತ್ತಿದ್ದವು. ಕಬ್ಬಿಣ ಕೊರೆಯುವ ಎಣ್ಣೆಯ ವಾಸನೆ, ಒಣಗಲು ಹರಡಿದ ಹುಣಸೆಯ ವಾಸನೆ. ಗಾಳಿ ಬಂದರೆ ಓಣಿಯ ಉದ್ದಕ್ಕೂ ಬಾಗಿಲ ಪರದೆಗಳೆಲ್ಲ ಒಂದೇ ಉಸಿರೆಳೆದು ಬಿಡುತ್ತಿದ್ದವು. ಆ ಪರದೆಗಳ ಹಿಂದಿನಿಂದ, ನೀರಿನ ತಳದಿಂದ ಗುಳ್ಳೆ ಏಳುವಂತೆ, ಮಾತು ಏಳುತ್ತಿತ್ತು.

"ಯವ್ವಾ, ಎತ್ತು ಬಿಚ್ಚಿಕೊಂಡ್ ಹೊಂಟ್ವು!"

ಅದು ಪ್ರೆಸ್ ಶಾಪಿನ ಬಸಣ್ಣ, ಹಾವೇರಿ ಕಡೆಯವನು. ಜಗುಲಿಯ ಮೇಲೆ ಹುಣಸೆಬೀಜ ಬಿಡಿಸುತ್ತಿದ್ದ ನಮ್ಮ ಅತ್ತೆ ತಲೆಯನ್ನೂ ಎತ್ತದೆ ಉತ್ತರ ಕೊಟ್ಟರು: "ಇಡ್ಕಂಡೆ ಕಣಪ್ಪಾ. ಎಲ್ಲೂ ಓಗಿಲ್ಲ. ಮನಿಕ್ಕೋ."

ಪರದೆಯ ಹಿಂದೆ ಒಂದು ದೀರ್ಘ ನಿಟ್ಟುಸಿರು. ಮತ್ತೆ ಗೊರಕೆ. ತನ್ನ ಅವ್ವ ಇದ್ದಕ್ಕಿದ್ದಂತೆ ಲಗ್ಗೆರೆಯ ಮಾತು ಆಡಿದ್ದು ಬಸಣ್ಣನಿಗೆ ವಿಚಿತ್ರವೆನಿಸಲಿಲ್ಲ. ಕನಸಿನಲ್ಲಿ ಎತ್ತು ಸಿಕ್ಕಿತು, ಸಾಕು.

ಇದು ನಮ್ಮ ಅತ್ತೆ ವಠಾರದಲ್ಲಿ ಜಾರಿಗೆ ತಂದ ಪದ್ಧತಿ. ಯಾರಾದರೂ ಕನವರಿಸಿದರೆ ಅವರನ್ನು ಎಬ್ಬಿಸಬಾರದು, ನಗಬಾರದು. ಹತ್ತಿರ ಇದ್ದವರು, ಯಾರೇ ಆಗಿರಲಿ, ಕರೆಸಿಕೊಂಡವರ ಪರವಾಗಿ ಓಗೊಡಬೇಕು. ಅವ್ವನನ್ನು ಕರೆದರೆ ಅವ್ವನ ದನಿ, ಅಣ್ಣನನ್ನು ಕರೆದರೆ ಅಣ್ಣನ ದನಿ. ಆದರೆ ಮರುಪ್ರಶ್ನೆ ಮಾತ್ರ ಹಾಕಕೂಡದು. ಎದ್ದ ಮೇಲೆ ನೀನು ಹೀಗೆಂದೆ ಎಂದು ಹೇಳಲೂ ಕೂಡದು. ಎದುರುಮನೆಯ ಗೌರಮ್ಮ ಒಮ್ಮೆ ಇದನ್ನು ಮುರಿದಳು. ಮಲಗಿದ್ದ ಗಂಡ "ಸಾರು ಬಿಡು" ಎಂದು ಕನವರಿಸಿದ್ದೇ ತಡ, ಕಿವಿಯ ಹತ್ತಿರ ಬಗ್ಗಿ, "ಯಾರ್ ಸಾರು ಚೆಂದ, ನಂದೋ ನಿಮ್ಮವ್ವಂದೋ?" ಎಂದು ಕೇಳಿಬಿಟ್ಟಳು. "ಅವ್ವಂದು" ಎಂದಿತು ನಿದ್ದೆ. ಆಮೇಲೆ ಆ ಮನೆಯಲ್ಲಿ ಬಹಳ ದಿನ ಸಾರಿಗೆ ಉಪ್ಪೇ ಬೀಳಲಿಲ್ಲ. ಪಾಪ, ಅವನಿಗೆ ಏಕೆಂದೂ ತಿಳಿಯಲಿಲ್ಲ. ಅತ್ತೆ ಗೌರಮ್ಮನನ್ನು ನಲ್ಲಿಯ ಹತ್ತಿರ ನಿಲ್ಲಿಸಿ ಬೈದರು: "ಮನಿಕ್ಕಂಡೋನ್ ಬಾಯಿಂದ ಕಿತ್ಕಳದು ಕಳ್ತನ ಕಣೇ! ಓ ಅನ್ನು, ಸುಮ್ಕಿರು. ಅಷ್ಟೇ ನಿನ್ ಕೆಲ್ಸ."

ನನ್ನ ಪಾಲಿಗೆ ಬಂದದ್ದು ನಮ್ಮ ಮನೆಯವರ ಕನವರಿಕೆ. ಲೇತ್ ಕೆಲಸದವರಲ್ಲವೇ, ನಿದ್ದೆಯಲ್ಲೂ ಅಳತೆ ನೋಡುವರು. "ಸೈಜ್ ಬಂತಾ?" ಎನ್ನುವರು. ನಾನು ಬಾಗಿಲಲ್ಲಿ ಸೊಪ್ಪು ಸೋಸುತ್ತಾ, "ಬಂತು, ಬಂತು" ಎನ್ನುವೆ. ಅವರ ಸೇವೆಯ ಉದ್ದಕ್ಕೂ ಅವರ ಕನಸಿನ ಪೀಸುಗಳನ್ನೆಲ್ಲ ಕಣ್ಣು ಮುಚ್ಚಿ ಪಾಸ್ ಮಾಡಿದವಳು ನಾನು. ಎಚ್ಚರದಲ್ಲಿ ಮಾತ್ರ ಆ ಮನುಷ್ಯ ನನಗೆ ಹೀಗೆ ಒಡನೆ ಓಗೊಟ್ಟದ್ದಿಲ್ಲ. ಊಟಕ್ಕೆ ಕರೆದರೆ, ಔಷಧಿಗೆ ಕರೆದರೆ, ತಮ್ಮ ದಪ್ಪ ದನಿಯಲ್ಲಿ "ಬಂದೆ ಇರೇ" ಎನ್ನುವರು. ಅನ್ನ ಆರಿದ ಮೇಲೆ ಬರುವರು. ಈಗ ಅವರು ಹೋಗಿ ಕೆಲವು ವರ್ಷಗಳಾದವು.

ಈ ಪದ್ಧತಿ ಏಕೆ ಎಂದು ಅತ್ತೆಯನ್ನು ಕೇಳಿದ್ದೆ. ನಿದ್ದೆಯಲ್ಲಿ ಜೀವ ಮೇಯಲು ಹೋಗಿರುತ್ತದೆ, ಓ ಎಂದರೆ ದಾರಿ ಗುರುತು ಹಿಡಿದು ಮರಳುತ್ತದೆ ಎಂದರು. ನನಗೆ ನಂಬಿಕೆ ಬರಲಿಲ್ಲ. ಜೀವಕ್ಕೆ ಪೀಣ್ಯದ ಪ್ರೆಸ್ಸಿನ ಸದ್ದು ಕೇಳಿಸುವುದಿಲ್ಲವೇ, ಅದಕ್ಕಿಂತ ದೊಡ್ಡ ಗುರುತು ಬೇಕೇ? ಬಾಡಿಗೆಗಿದ್ದ ನಾಟಿ ವೈದ್ಯರು ಕನವರಿಕೆಗೆ ಹೊಟ್ಟೆಯ ವಾಯು ಕಾರಣವೆಂದರು. ವಾಯುವಿಗೆ ಅವ್ವನ ಹೆಸರು ಹೇಗೆ ಗೊತ್ತಾಗುತ್ತದೆ? ಚೈತ್ರಳ ಫೋನು ಸ್ಟ್ರೆಸ್ ಎನ್ನುತ್ತದೆ. ಅದು ಹಲ್ಲುನೋವಿಗೂ ಅದನ್ನೇ ಹೇಳಿತ್ತು. ಯಾರ ವಿವರಣೆಯೂ ನನ್ನ ತಲೆಗೆ ಹಿಡಿಸಲಿಲ್ಲ. ಆದರೆ ಓ ಎಂದಾಗ ಮಲಗಿದವರ ಹುಬ್ಬಿನ ಗಂಟು ಬಿಚ್ಚುವುದನ್ನು ಕಣ್ಣಾರೆ ಕಂಡಿದ್ದೇನೆ. ಏಕೆ ಬಿಚ್ಚುತ್ತದೆಂದು ತಿಳಿಯದೆ ಇದ್ದರೂ ಬಿಚ್ಚುವುದು ನಿಲ್ಲುವುದಿಲ್ಲವಷ್ಟೆ.

ಎಲ್ಲಿಂದ ಎಲ್ಲಿಗೋ ಹೋದೆ. ಚೈತ್ರಳ ವಿಷಯಕ್ಕೆ ಬರುತ್ತೇನೆ.

ಅವಳು ನನ್ನ ಮಗಳ ಮಗಳು. ಮಗಳ ಮನೆ ಇರುವುದು ಬೊಮ್ಮನಹಳ್ಳಿಯಲ್ಲಿ. ಅಲ್ಲಿಂದ ವೈಟ್‌ಫೀಲ್ಡಿನ ಆಫೀಸಿಗೆ ಹೋಗಿ ಬರುವುದರಲ್ಲಿ ಆಯುಷ್ಯ ಮುಗಿಯುತ್ತದೆಂದು ಪಿಜಿ ಸೇರಿದ್ದಳು. ಅಲ್ಲಿ ಜೊತೆಯ ಹುಡುಗಿಯರು ಇವಳು ಕನವರಿಸುವುದನ್ನು ಕಂಡರು. ಮೊದಲು ನಕ್ಕರು. ಆಮೇಲೆ, ನಮ್ಮ ಗೌರಮ್ಮನಂತೆಯೇ, ಪ್ರಶ್ನೆ ಹಾಕಿದರು. ನಿದ್ದೆ ಉತ್ತರ ಕೊಟ್ಟಿತು. ಅದನ್ನು ಫೋನಿನಲ್ಲಿ ಹಿಡಿದು ಪಿಜಿಯ ಗ್ರೂಪಿಗೆ ಹಾಕಿದರು. ಅವಳು ಏನೆಂದಳೆಂದು ನಾನು ಕೇಳಲಿಲ್ಲ; ಅತ್ತೆಯ ಪದ್ಧತಿಯಲ್ಲಿ ಬೆಳೆದ ಮನೆ ನಮ್ಮದು.

ಅಂದಿನಿಂದ ಹುಡುಗಿಗೆ ನಿದ್ದೆಯೆಂದರೆ ದಿಗಿಲು. ಟೇಪು ಹಚ್ಚಿಕೊಂಡರೆ ಉಸಿರು ಕಟ್ಟಿ ಎದ್ದು ಕೂರುವಳು. ಹಚ್ಚದಿದ್ದರೆ ಮಲಗುವುದೇ ಇಲ್ಲ. ಮೂರು ಹೊತ್ತೂ ಕಾಫಿ. ಕಣ್ಣು ಒಲೆ ಊದಿದವಳಂತೆ ಕೆಂಪು. ಕೆಲಸದಲ್ಲಿ ತಪ್ಪಾಗತೊಡಗಿ, ಸ್ವಲ್ಪ ದಿನ ಮನೆಯಿಂದಲೇ ಮಾಡುತ್ತೇನೆಂದು ಅನುಮತಿ ಪಡೆದು ಬಂದಿದ್ದಳು.

"ಈ ವಾರ ನೋಡ್ತೀನಿ ಅಜ್ಜಿ. ಆಗ್ಲಿಲ್ಲ ಅಂದ್ರೆ ಪೇಪರ್ ಹಾಕ್ಬಿಡ್ತೀನಿ," ಎಂದಳು. ಕೆಲಸ ಬಿಡುವುದಕ್ಕೆ ಅವರು ಹಾಗೆನ್ನುತ್ತಾರೆ.

"ನಿದ್ದೇಲಿ ಮಾತಾಡುದ್ರೆ ಕೆಲ್ಸ ಯಾಕ್ ಬಿಡ್ಬೇಕು?"

"ನಿಂಗೆ ಅರ್ಥ ಆಗಲ್ಲ. ನಾಳೆ ಆಫೀಸಲ್ಲಿ ಗೊತ್ತಾದ್ರೆ ನಾನ್ ಮುಖ ಎಲ್ಲಿಟ್ಕೊಳ್ಲಿ?"

ನಾನು ಅತ್ತೆಯ ಪದ್ಧತಿಯನ್ನು ವಿವರಿಸಿದೆ. ಕೇಳಬಾರದು, ಹೇಳಬಾರದು, ಓಗೊಡಬೇಕು. ಅವಳು ನಂಬಿದಂತೆ ಕಾಣಲಿಲ್ಲ. "ಅದ್ರಿಂದ ಏನಾಗತ್ತೆ?" ಎಂದಳು. "ನಂಗೊತ್ತಿಲ್ಲ ಕಣೆ," ಎಂದೆ. ಇಷ್ಟು ಪ್ರಾಮಾಣಿಕವಾದ ಉತ್ತರ ಅವಳಿಗೆ ಫೋನು ಕೊಟ್ಟಿರಲಾರದು.

ಮರುದಿನ ಮಧ್ಯಾಹ್ನ ಊಟವಾದ ಮೇಲೆ ಗೋಡೆಗೆ ಒರಗಿ ಕುಳಿತವಳು ಹಾಗೆಯೇ ಜಾರಿದಳು. ಟೇಪು ಇರಲಿಲ್ಲ. ನಾನು ಹೊಸ್ತಿಲ ಮೇಲೆ ಮೊರ ಇಟ್ಟುಕೊಂಡು ಹುಣಸೆಬೀಜ ಬಿಡಿಸುತ್ತಿದ್ದೆ. ವಠಾರ ಈಗ ಮೂರು ಅಂತಸ್ತಾಗಿದೆ, ಶೀಟು ಹೋಗಿ ಆರ್‌ಸಿಸಿ ಬಂದಿದೆ; ಆದರೂ ಕಿಟಕಿಯಿಂದ ಬಂದ ಒಂದು ತುಂಡು ಬಿಸಿಲು ದಾರಿ ಮರೆಯದೆ ಅವಳ ಕೆನ್ನೆಯ ಮೇಲೆ ಬಂದು ಕೂತಿತ್ತು. ಅವಳ ತುಟಿ ಅಲುಗಿತು. ಹುಬ್ಬು ಗಂಟಾಯಿತು.

"ಆಮ್ ಐ ಆಡಿಬಲ್?"

ಎಷ್ಟು ಸಣ್ಣ ದನಿ ಅದು! ಬಸಣ್ಣನಿಗೆ ಎತ್ತು ತಪ್ಪಿಸಿಕೊಂಡಿತ್ತು. ಇವಳಿಗೆ ತನ್ನ ದನಿಯೇ ತಪ್ಪಿಸಿಕೊಂಡಿದೆ. ಇಂಗ್ಲಿಷ್ ನನಗೆ ಅಷ್ಟಾಗಿ ಬಾರದು, ಆದರೆ ಮನೆಗೆ ಬಂದಾಗಿನಿಂದ ಲ್ಯಾಪ್‌ಟಾಪಿಗೆ ಅವಳು ಎಷ್ಟೋ ಸಲ ಕೇಳಿದ್ದ ಪ್ರಶ್ನೆ ಅದು, ಅರ್ಥ ಗೊತ್ತಿತ್ತು.

"ಕೇಳಿಸ್ತದೆ ಕಣವ್ವ," ಎಂದೆ.

ಗಂಟು ಬಿಚ್ಚಿತು. ಸಂಜೆಯ ತನಕ ಮಲಗಿದಳು. ಎದ್ದು, "ನಾನೇನಾದ್ರೂ ಅಂದ್ನಾ?" ಎಂದು ಗಾಬರಿಯಿಂದ ಕೇಳಿದಳು. ನಾನು ಮೊರ ಕೊಡವಿ ಒಳಗೆ ಹೋದೆ.

ಇಲ್ಲಿಗೆ ನಿಲ್ಲಿಸಿದ್ದರೆ ನನ್ನ ಬಗ್ಗೆ ನಿಮಗೆ ಗೌರವ ಉಳಿಯುತ್ತಿತ್ತು. ಅದರ ಮಾರನೆಯ ದಿನ ಮಧ್ಯಾಹ್ನ ಅದೇ ಹೊಸ್ತಿಲು, ಅದೇ ಮೊರ, ಅದೇ ನಾನು. ಅವಳು ಚಾಪೆಯ ಮೇಲೆ ಗೋಡೆಯ ಕಡೆ ತಿರುಗಿ ಮಲಗಿದ್ದಳು. ಕೂದಲು ಕೆದರಿ ಕಿವಿ ಮುಚ್ಚಿತ್ತು. ಮತ್ತೆ ಬಂತು ಆ ಪ್ರಶ್ನೆ: "ಆಮ್ ಐ ಆಡಿಬಲ್?" ಓಗೊಡಲು ಬಾಯಿ ತೆರೆಯುವಷ್ಟರಲ್ಲಿ ಇನ್ನೊಮ್ಮೆ, ಸ್ವಲ್ಪ ಜೋರಾಗಿ. ಪಾಪ, ಕೂಸು ಬಹಳ ಸಂಕಟಪಡುತ್ತಿದೆ ಎಂದುಕೊಂಡು ನಾನೂ ದನಿ ಏರಿಸಿದೆ.

"ಕೇಳಿಸ್ತದೆ ಕಣವ್ವಾ! ನಾನಿಲ್ಲೇ ಇವ್ನಿ! ಕಣ್ ಮುಚ್ಕಂಡು ಮನಿಕ್ಕೋ!"

ಅವಳು ಚೇಳು ಕುಟುಕಿದಂತೆ ಎದ್ದು ಕೂತಳು. ಕೈಯಲ್ಲಿ ಫೋನು. ಕಿವಿಯಿಂದ ಏನೋ ಬಿಳಿಯದು ಉದುರಿ ನನ್ನ ಹುಣಸೆಯೊಳಗೆ ಬಿತ್ತು. ಮೀಟಿಂಗು! ಗಡಿಬಿಡಿಯಲ್ಲಿ ಅವಳು ಯಾವುದನ್ನು ಒತ್ತಿದಳೋ, ಫೋನಿನಿಂದ ಒಂದು ಇಡೀ ಆಫೀಸು ನಗುವುದು ನಮ್ಮ ಹಜಾರದಲ್ಲಿ ಕೇಳಿಸಿತು. ಆಗಲಾದರೂ ನಾನು ಸುಮ್ಮನಿರಬೇಕಿತ್ತು. ಸಭ್ಯತೆ ಅಡ್ಡ ಬಂತು.

"ತಪ್ಪಾಯ್ತು ಕಣ್ರಪ್ಪಾ. ನಿದ್ದೇಲಿ ಕನವರಿಸ್ತಾವ್ಳೆ ಅನ್ಕಂಡೆ," ಎಂದು ಫೋನಿಗೇ ಹೇಳಿದೆ.

ಯಾವುದು ಆಫೀಸಿಗೆ ತಿಳಿಯಬಾರದೆಂದು ಹುಡುಗಿ ನಿದ್ದೆಯನ್ನೇ ಬಿಟ್ಟಿದ್ದಳೋ ಅದನ್ನು ನಾನು ಓಣಿಯ ದನಿಯಲ್ಲಿ ಸಾರಿಬಿಟ್ಟಿದ್ದೆ. ನಗು ನಿಂತಿತು. ಫೋನಿನಿಂದ ಒಬ್ಬ ಗಂಡಸಿನ ದನಿ ಬಂತು. ಅವಳ ಮ್ಯಾನೇಜರ್, ಗದಗದ ಕಡೆಯವರೆಂದು ಆಮೇಲೆ ತಿಳಿಯಿತು.

"ಅಜ್ಜೀ, ನಮಸ್ಕಾರ್ರೀ. ಏನಂದ್ರಿ? ಕನವರಿಕಿ? ಅಯ್ಯ, ಈ ಮಾತು ಕಿವಿ ಮ್ಯಾಲೆ ಬಿದ್ದು ಎಷ್ಟು ದಿನಾ ಆಗಿತ್ರೀ!"

"ನೀವೂ ಕನವರಿಸ್ತೀರಾ ಸಾ?" ಎಂದೆ. ಇದು ಪ್ರಶ್ನೆಯೇ ಸರಿ. ಆದರೆ ಆಸಾಮಿ ಎಚ್ಚರವಾಗಿದ್ದರು, ಪದ್ಧತಿ ಮುರಿದಂತಾಗಲಿಲ್ಲ.

"ಭಾಳ ಕನವರಸ್ತೀನ್ರೀ. ನಮ್ಮಾಕಿ ಗ್ವಾಡಿ ಕಡೆ ಮಾರಿ ಮಾಡಿ ಮಲ್ಕೊಂತಾಳ. ಓ ಅನ್ನಾವ್ರು ಯಾರೂ ಇಲ್ರೀ ನನಗ. ಚೈತ್ರಾ, ನೀವು ಪುಣ್ಯವಂತ್ರು ಬಿಡ್ರಿ."

ಮತ್ತೆ ನಗು. ಆದರೆ ಈ ನಗುವಿನ ಸದ್ದು ಬೇರೆ ಇತ್ತು. ಯಾರೋ ತನ್ನ ತಂಗಿ ನಿದ್ದೆಯಲ್ಲಿ ಮಗ್ಗಿ ಹೇಳುತ್ತಿದ್ದಳೆಂದರು; ಇನ್ನಾರೋ ತೆಲುಗು ಬೆರೆಸಿ, ತಾನು ಹಾಸ್ಟೆಲಿನಲ್ಲಿ ಬಸ್ ಕಂಡಕ್ಟರನಂತೆ ಕೂಗುತ್ತಿದ್ದೆನೆಂದರು. ನಾನು ಹುಣಸೆಯಲ್ಲಿ ಬಿದ್ದದ್ದನ್ನು ಹುಡುಕಿ, ಸೆರಗಿನಲ್ಲಿ ಒರೆಸಿ, ಅವಳ ಅಂಗೈಗೆ ಇಟ್ಟು ಅಡುಗೆಮನೆಗೆ ನುಸುಳಿದೆ.

ಇದರಿಂದ ಎಲ್ಲವೂ ಸರಿಹೋಯಿತೆಂದು ಬರೆದರೆ ಸುಳ್ಳಾಗುತ್ತದೆ. "ಮಾನ ತೆಗ್ದೆ ಅಜ್ಜಿ ನೀನು," ಎಂದು ಅವಳು ಅಂದು ನನ್ನ ಕೈಯ ಅನ್ನ ಮುಟ್ಟಲಿಲ್ಲ. ಬೀದಿಯ ಗೋಬಿ ತರಿಸಿ ತಿಂದಳು. ನಾನೂ ಹಟದವಳೇ, ಬೇಕಾದರೆ ತಿನ್ನಲಿ ಎಂದು ಸುಮ್ಮನಾದೆ. ಆದರೆ ಮಾರನೆಯ ಮಧ್ಯಾಹ್ನ ಊಟವಾದ ಮೇಲೆ ಅವಳು ತಾನಾಗಿ ಚಾಪೆ ಹಾಸಿದಳು. ಫೋನನ್ನು ನನಗೆ ಕಾಣುವಂತೆ ಕಿಟಕಿಯ ಮೇಲಿಟ್ಟಳು. "ಇವತ್ತು ಮೀಟಿಂಗ್ ಇಲ್ಲ. ನಿಜವಾಗ್ಲೂ ಮಲಗ್ತಿದೀನಿ. ಏನಾದ್ರೂ ಅಂದ್ರೆ ಮೆಲ್ಲಗೆ ಹೇಳು, ಕೂಗ್ಬೇಡ," ಎಂದು ತಾಕೀತು ಮಾಡಿ, ಟೇಪಿಲ್ಲದೆ ಮಲಗಿದಳು. ಆ ವಾರ ಕಳೆಯಿತು. ಅವಳು ಪೇಪರ್ ಹಾಕಲಿಲ್ಲ. ಓಗೊಟ್ಟದ್ದರಿಂದಲೋ, ಗುಟ್ಟು ಒಡೆದು ಭಾರ ಇಳಿದದ್ದರಿಂದಲೋ, ಕಾಫಿ ಕಡಿಮೆಯಾದದ್ದರಿಂದಲೋ ನಾನರಿಯೆ. ಅತ್ತೆಯಿದ್ದಿದ್ದರೆ ಅವರ ಪದ್ಧತಿಯದೇ ಗೆಲುವು ಎನ್ನುತ್ತಿದ್ದರು, ನಾನು ಒಪ್ಪುತ್ತಿರಲಿಲ್ಲ. ಟೇಪನ್ನು ಮಾತ್ರ ನಿಘಂಟಿನ ಬೆನ್ನಿಗೆ ಹಚ್ಚಿದೆ. ಬಹಳ ಗಟ್ಟಿ ಅಂಟು. ಪಂಡಿತರು ಈಗ ಹಾಳೆ ಉದುರಿಸದೆ ಕೂತಿದ್ದಾರೆ.

ನಾಳೆ ಅವಳು ಹೊರಡುತ್ತಾಳೆ. ಬೇರೊಂದು ಪಿಜಿ, ಜೊತೆಯ ಹುಡುಗಿಗೆ ಫೋನಿನಲ್ಲೇ ಪದ್ಧತಿ ವಿವರಿಸಿದ್ದಾಳೆ. ಆ ಹುಡುಗಿ, "ಓಕೆ, ಬಟ್ ನಾನು ಗೊರಕೆ ಹೊಡೀತೀನಿ," ಎಂದಳಂತೆ.

ಇಂದು ಮಧ್ಯಾಹ್ನ ಹೊಸ್ತಿಲ ಮೇಲೆ ಕೂತವಳಿಗೆ ನನಗೇ ಜೊಂಪು ಹತ್ತಿತು. ಹಳೆಯ ಓಣಿ ಕಂಡಿತು. ಪರದೆಗಳೆಲ್ಲ ಒಟ್ಟಿಗೆ ಉಸಿರಾಡುತ್ತಿದ್ದವು. ತಟ್ಟೆಯಲ್ಲಿ ಅನ್ನ ಆರುತ್ತಿತ್ತು. ಮತ್ತೇನೂ ನೆನಪಿಲ್ಲ. ಕಣ್ಣು ಬಿಟ್ಟಾಗ ಚೈತ್ರ ಬಟ್ಟೆ ಮಡಿಸುವುದನ್ನು ನಿಲ್ಲಿಸಿ ನನ್ನನ್ನೇ ನೋಡುತ್ತಿದ್ದಳು.

"ಅಜ್ಜಿ, ನೀನೂ ಕನವರಿಸ್ತೀಯ."

"ನಾನಾ? ಸುಳ್ಳು."

"ಈಗ ತಾನೆ."

"ಏನಂದೆ?"

"ಕೇಳ್ಬಾರ್ದು, ಹೇಳ್ಬಾರ್ದು. ರೂಲ್ಸ್ ನಿಂದೇ."

ಜೀವಮಾನವೆಲ್ಲ ಪದಗಳಿಗೆ ಅರ್ಥ ಹುಡುಕಿದವಳಿಗೆ ನನ್ನದೇ ಬಾಯಿಂದ ಬಂದ ಪದ ತಿಳಿಯದೆ ಹೋಗುವುದೆಂದರೆ! ಬೇಡಿಕೊಂಡೆ, ಗದರಿದೆ. ಅವಳು ಜಗ್ಗಲಿಲ್ಲ, ಹಟ ನಮ್ಮ ಮನೆಯದೇ. ಕೊನೆಗೆ ಸೋತು, "ಓಗ್ಲಿ ಬುಡು, ಓಗೊಟ್ಯಾ?" ಎಂದು ಕೇಳಿದೆ.

"ಕೊಟ್ಟೆ." ಅವಳು ಮತ್ತೆ ಬಟ್ಟೆ ಮಡಿಸತೊಡಗಿದಳು. "ದನಿ ದಪ್ಪ ಮಾಡ್ಕೊಂಡು, 'ಬಂದೆ ಇರೇ' ಅಂದೆ."

ಮೊರವನ್ನು ಹತ್ತಿರಕ್ಕೆ ಎಳೆದುಕೊಂಡೆ. ಆ ಮನುಷ್ಯ ಯಾವಾಗಲೂ ಹೀಗೆಯೇ. ಬಂದೆ ಎನ್ನುವರು, ತಡಮಾಡುವರು.